ಕೋಷ್ಟಕ, ಉಪಪತ್ತಿ, ನಕ್ಷೆ: ತ್ರಿಕೋನಮಿತಿಯ ನಿತ್ಯಸಮೀಕರಣಗಳನ್ನು ಪರಿಶೀಲಿಸಿದ ಚರಿತ್ರೆ

ತ್ರಿಕೋನಮಿತಿಯಲ್ಲಿ ಬರುವ ಸಮೀಕರಣಗಳು ಎರಡು ಬಗೆಯವು. ಕೆಲವೇ ಕೋನಗಳಿಗೆ ಹೊಂದಿ ಉಳಿದ ಕೋನಗಳಿಗೆ ತಪ್ಪುವಂಥವು ಮೊದಲನೆಯ ಬಗೆ. ಎಡಭಾಗಕ್ಕೂ ಬಲಭಾಗಕ್ಕೂ ಬೆಲೆ ಇರುವ ಪ್ರತಿಯೊಂದು ಕೋನಕ್ಕೂ ತಪ್ಪದೆ ಹೊಂದುವಂಥವು ಎರಡನೆಯ ಬಗೆ. ಈ ಎರಡನೆಯವನ್ನೇ ಕನ್ನಡದ ಪಠ್ಯಪುಸ್ತಕಗಳು ನಿತ್ಯಸಮೀಕರಣಗಳೆಂದು ಕರೆಯುತ್ತವೆ. ಕೋನವನ್ನು ‘ಅ’ ಎಂದು ಗುರುತಿಸಿದರೆ, ಸೈನ್ ಅ = ಕೊಸೈನ್ ಅ ಎಂಬುದು ಒಂದು ಸುತ್ತಿನಲ್ಲಿ 45 ಮತ್ತು 225 ಡಿಗ್ರಿಗಳಲ್ಲಿ ಮಾತ್ರ ನಿಜ; ಸೈನ್² ಅ + ಕೊಸೈನ್² ಅ = 1 ಎಂಬುದು ಎಲ್ಲ ಕೋನಗಳಿಗೂ ನಿಜ. ಕಣ್ಣಮುಂದಿರುವ ಸಮೀಕರಣ ಇವೆರಡರಲ್ಲಿ ಯಾವ ಬಗೆಯದೆಂದು ನಿರ್ಣಯಿಸಲು ಎರಡು ದಾರಿಗಳು ಬಹು ಹಿಂದಿನಿಂದಲೂ ಜೊತೆಯಾಗಿ ಬಂದಿವೆ. ಕೋನಗಳ ಬೆಲೆಗಳನ್ನು ಹಾಕಿ ಎರಡೂ ಭಾಗಗಳನ್ನು ತಾಳೆ ನೋಡುವುದು ಒಂದು. ಈಗಾಗಲೇ ಗೊತ್ತಿರುವ ಸತ್ಯಗಳಿಂದ ಹೆಜ್ಜೆ ಹೆಜ್ಜೆಯಾಗಿ ಅದನ್ನು ಸಾಧಿಸುವುದು, ಅಂದರೆ ಭಾರತೀಯ ಗಣಿತಜ್ಞರು ಉಪಪತ್ತಿ ಎಂದು ಕರೆದದ್ದನ್ನು ಕೊಡುವುದು, ಇನ್ನೊಂದು. 1980ರ ದಶಕದಲ್ಲಿ ವಿದ್ಯಾರ್ಥಿಗಳ ಕೈಗೆ ಬಂದ ಗ್ರಾಫಿಂಗ್ ಕ್ಯಾಲ್ಕುಲೇಟರ್ ಮೊದಲನೆಯ ದಾರಿಯನ್ನು ಕ್ಷಣಾರ್ಧದ ಕೆಲಸವನ್ನಾಗಿ ಮಾಡಿತು. ಆದರೆ ಆ ದಾರಿಗೆ ಒಂದೂವರೆ ಸಾವಿರ ವರ್ಷಗಳಿಗೂ ಮಿಕ್ಕಿದ ಹಿನ್ನೆಲೆಯಿದೆ, ಮತ್ತು ತಾಳೆ ನೋಡುವುದರ ಬಲವೇನು, ಅದರ ಎಲ್ಲೆ ಯಾವುದು ಎಂಬ ಪ್ರಶ್ನೆಗೆ ಉತ್ತರ ಸಿಗುವುದು ಆ ಹಿನ್ನೆಲೆಯಲ್ಲಿಯೇ.

ನಿತ್ಯಸಮೀಕರಣಗಳು ಮೊದಲು ಹುಟ್ಟಿದ್ದು ಪರೀಕ್ಷೆಯ ಪ್ರಶ್ನೆಗಳಾಗಿ ಅಲ್ಲ, ಕೋಷ್ಟಕಗಳನ್ನು ಕಟ್ಟುವ ಉಪಕರಣಗಳಾಗಿ. ಕ್ರಿಸ್ತಶಕ 2ನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯದ ಟಾಲೆಮಿ ತನ್ನ ‘ಆಲ್ಮಜೆಸ್ಟ್’ ಗ್ರಂಥದಲ್ಲಿ ಅರ್ಧ ಡಿಗ್ರಿಯಿಂದ 180 ಡಿಗ್ರಿಯವರೆಗೆ ಅರ್ಧರ್ಧ ಡಿಗ್ರಿಗೊಂದರಂತೆ ಜ್ಯಾಗಳ ಕೋಷ್ಟಕವನ್ನು ಕೊಟ್ಟನು. ಅವನ ಜ್ಯಾ ಎಂದರೆ ವೃತ್ತದ ಎರಡು ಬಿಂದುಗಳನ್ನು ಜೋಡಿಸುವ ಪೂರ್ಣ ರೇಖೆ. ಇಂದಿನ ಲೆಕ್ಕದಲ್ಲಿ ಅದು ಅರ್ಧಕೋನದ ಸೈನಿನ ಎರಡರಷ್ಟನ್ನು ತ್ರಿಜ್ಯದಿಂದ ಗುಣಿಸಿದ ಬೆಲೆ. ವೃತ್ತದೊಳಗೆ ಕೂಡಿಸಿದ ಚತುರ್ಭುಜದ ಕರ್ಣಗಳ ಗುಣಲಬ್ಧವು ಎದುರುಬದುರು ಬಾಹುಗಳ ಗುಣಲಬ್ಧಗಳ ಮೊತ್ತಕ್ಕೆ ಸಮ ಎಂಬ ಪ್ರಮೇಯವನ್ನು ಸಾಧಿಸಿ, ಅದರಿಂದ ಎರಡು ಕೋನಗಳ ವ್ಯತ್ಯಾಸದ ಮತ್ತು ಮೊತ್ತದ ಜ್ಯಾವನ್ನು ಪಡೆಯುವ ನಿಯಮಗಳನ್ನು ಅವನು ರೂಪಿಸಿದನು. ಇಂದು ಸೈನ್ (ಅ ± ಬ) ಎಂದು ಬರೆಯುವ ಸೂತ್ರದ ಜ್ಯಾಮಿತೀಯ ರೂಪವೇ ಅದು.

ಭಾರತದಲ್ಲಿ ಪೂರ್ಣ ಜ್ಯಾದ ಬದಲು ಅರ್ಧಜ್ಯಾವನ್ನು ಹಿಡಿದದ್ದರಿಂದ ಲೆಕ್ಕಗಳು ಸರಳವಾದವು. ಇಂದಿನ ಸೈನ್ ಈ ಅರ್ಧಜ್ಯಾದ ವಂಶದ್ದೇ. ಕ್ರಿಸ್ತಶಕ 499ರ ಕಾಲಕ್ಕೆ ಸೇರಿದ ‘ಆರ್ಯಭಟೀಯ’ದಲ್ಲಿ ಆರ್ಯಭಟನು ವೃತ್ತದ ಕಾಲುಭಾಗವನ್ನು 24 ಸಮಭಾಗಗಳಾಗಿ ಒಡೆದು, ಪ್ರತಿ 3 ಡಿಗ್ರಿ 45 ಕಲೆಗೆ ಒಂದರಂತೆ ಜ್ಯಾಗಳ ನಡುವಿನ ಅಂತರಗಳನ್ನು ಅಕ್ಷರಸಂಖ್ಯೆಗಳಲ್ಲಿ ಒಂದೇ ಪದ್ಯದಲ್ಲಿ ಅಡಕಮಾಡಿದನು. ಕಲೆ ಎಂದರೆ ಡಿಗ್ರಿಯ 60ನೆಯ ಒಂದು ಭಾಗ. ವೃತ್ತದ ಪರಿಧಿಯನ್ನು 21,600 ಕಲೆಗಳೆಂದು ಹಿಡಿದರೆ ತ್ರಿಜ್ಯವು 3437.75 ಕಲೆಗಳಷ್ಟಾಗುವುದರಿಂದ ಅವನ ಕೋಷ್ಟಕದ ತ್ರಿಜ್ಯ 3438. ಮೊದಲ ಎಂಟು ಅಂತರಗಳಾದ 225, 224, 222, 219, 215, 210, 205, 199 ಇವುಗಳನ್ನು ಕೂಡಿದರೆ 30 ಡಿಗ್ರಿಯ ಜ್ಯಾ 1719 ಬರುತ್ತದೆ. ಅದು 3438ರ ಸರಿಯಾದ ಅರ್ಧ. ಮುಂದಿನ ಎಂಟನ್ನೂ ಸೇರಿಸಿದರೆ 60 ಡಿಗ್ರಿಯ ಜ್ಯಾ 2978 ಆಗುತ್ತದೆ.

ಈ ಎರಡು ಸಂಖ್ಯೆಗಳ ಮೇಲೆ ನಿತ್ಯಸಮೀಕರಣವೊಂದನ್ನು ತಾಳೆ ನೋಡಿದರೆ ಇಡೀ ವಿಷಯದ ತಿರುಳು ಕಾಣುತ್ತದೆ. 60 ಡಿಗ್ರಿಯ ಸೈನ್ ಎಂದರೆ 30 ಡಿಗ್ರಿಯ ಕೊಸೈನ್. ಆದ್ದರಿಂದ 1719ರ ವರ್ಗಕ್ಕೆ 2978ರ ವರ್ಗವನ್ನು ಕೂಡಿದರೆ 3438ರ ವರ್ಗ ಬರಬೇಕು. ಕೂಡಿದಾಗ ಬರುವುದು 1,18,23,445. 3438ರ ವರ್ಗ 1,18,19,844. ಮೊತ್ತದ ವರ್ಗಮೂಲ ಸುಮಾರು 3438.5, ಅಂದರೆ ತ್ರಿಜ್ಯಕ್ಕಿಂತ ಅರ್ಧ ಕಲೆ ಹೆಚ್ಚು. 45 ಡಿಗ್ರಿಯ ಜ್ಯಾ 2431ನ್ನು ಹೀಗೆಯೇ ಪರೀಕ್ಷಿಸಿದರೆ 3437.95 ಬರುತ್ತದೆ. ಸಮೀಕರಣದಲ್ಲಿ ದೋಷವಿಲ್ಲ, ಕೋಷ್ಟಕದ ಸಂಖ್ಯೆಗಳನ್ನು ಪೂರ್ಣ ಕಲೆಗಳಲ್ಲಿ ಬರೆದುದರಿಂದ ಉಳಿದ ಶೇಷವಿದು. ಸಂಖ್ಯೆಗಳು ಸ್ವಲ್ಪ ತಪ್ಪಿದರೂ ಸಮೀಕರಣ ನಿಜವಾಗಿರಬಹುದು ಎಂಬುದು ಇಲ್ಲಿಯ ಪಾಠವಾದರೆ, ಸಂಖ್ಯೆಗಳು ಬಹಳ ಹತ್ತಿರ ಬಂದರೂ ಸಮೀಕರಣ ಸುಳ್ಳಾಗಿರಬಹುದು ಎಂಬುದು ಅದರ ಇನ್ನೊಂದು ಮುಖ. ಈ ಎರಡನ್ನೂ ಬೇರ್ಪಡಿಸುವ ಶಕ್ತಿ ಕೋಷ್ಟಕಕ್ಕೆ ಇಲ್ಲ.

6ನೆಯ ಶತಮಾನದ ವರಾಹಮಿಹಿರನು ‘ಪಂಚಸಿದ್ಧಾಂತಿಕಾ’ದಲ್ಲಿ ತ್ರಿಜ್ಯವನ್ನು 120 ಎಂದಿಟ್ಟುಕೊಂಡು ಜ್ಯಾ ಮತ್ತು ಕೋಟಿಜ್ಯಾಗಳ ವರ್ಗಗಳ ಸಂಬಂಧವನ್ನೂ, ಒಂದು ಕೋನದ ಕೊಸೈನಿನಿಂದ ಅದರ ಅರ್ಧದ ಸೈನನ್ನು ಪಡೆಯುವ ನಿಯಮವನ್ನೂ ಹೇಳಿದನು. ಕೋಟಿಜ್ಯಾ ಎಂದರೆ ಇಂದಿನ ಕೊಸೈನ್. 7ನೆಯ ಶತಮಾನದಲ್ಲಿ ಆರ್ಯಭಟನ ಪರಂಪರೆಯ ಒಂದನೆಯ ಭಾಸ್ಕರನು ‘ಮಹಾಭಾಸ್ಕರೀಯ’ದಲ್ಲಿ ಕೋಷ್ಟಕವೇ ಬೇಡದ ಒಂದು ಸೂತ್ರವನ್ನು ಕೊಟ್ಟನು. ಕೋನವನ್ನು 180ರಿಂದ ಕಳೆದು, ಉಳಿದುದನ್ನು ಅದೇ ಕೋನದಿಂದ ಗುಣಿಸಿ, ಆ ಗುಣಲಬ್ಧದ ನಾಲ್ಕರಷ್ಟನ್ನು 40,500ರಲ್ಲಿ ಗುಣಲಬ್ಧವನ್ನು ಕಳೆದುಳಿದ ಸಂಖ್ಯೆಯಿಂದ ಭಾಗಿಸಿದರೆ ಸೈನ್ ದೊರೆಯುತ್ತದೆ ಎಂಬುದು ಅದರ ಸಾರ. ಸೊನ್ನೆ, 30, 90, 150, 180 ಡಿಗ್ರಿಗಳಲ್ಲಿ ಈ ಸೂತ್ರ ಕರಾರುವಾಕ್ಕಾದ ಬೆಲೆಯನ್ನು ಕೊಡುತ್ತದೆ. 60 ಡಿಗ್ರಿಗೆ ಅದು ಕೊಡುವುದು 0.8649, ನಿಜವಾದ ಬೆಲೆ 0.8660. 10 ಡಿಗ್ರಿಯಲ್ಲಿ ದೋಷ 0.0016ರಷ್ಟು, ಸೊನ್ನೆಯಿಂದ 180 ಡಿಗ್ರಿಯವರೆಗೆ ದೋಷ ಎಲ್ಲಿಯೂ ಅದಕ್ಕಿಂತ ಹೇಳಿಕೊಳ್ಳುವಷ್ಟು ಹೆಚ್ಚುವುದಿಲ್ಲ. ಐದು ಕೋನಗಳಲ್ಲಿ ಪೂರ್ತಿ ಹೊಂದಿಯೂ ನಿತ್ಯಸಮೀಕರಣವಲ್ಲದ ಸಂಬಂಧ ಹೇಗಿರುತ್ತದೆಂಬುದಕ್ಕೆ ಇದಕ್ಕಿಂತ ಸೊಗಸಾದ ನಿದರ್ಶನ ಸಿಗುವುದು ಕಷ್ಟ.

1114ರಲ್ಲಿ ಹುಟ್ಟಿ 1150ರಲ್ಲಿ ‘ಸಿದ್ಧಾಂತಶಿರೋಮಣಿ’ಯನ್ನು ರಚಿಸಿದ ಎರಡನೆಯ ಭಾಸ್ಕರನ ಕೈಯಲ್ಲಿ ಈ ನಿಯಮಗಳು ಒಂದು ಶಾಸ್ತ್ರವಾಗಿ ಕೂಡಿಕೊಂಡವು. ಸಹ್ಯಾದ್ರಿಯ ಆಶ್ರಯದಲ್ಲಿದ್ದ ವಿಜ್ಜಡವಿಡವೆಂಬುದು ತನ್ನ ಊರೆಂದು ಅವನು ಹೇಳಿಕೊಂಡಿದ್ದಾನೆ. ಅದನ್ನು ವಿಜಯಪುರವೆಂದು ಗುರುತಿಸುವ ರೂಢಿ ಕರ್ನಾಟಕದಲ್ಲಿ ಬಲವಾಗಿದ್ದರೂ, ಮಹಾರಾಷ್ಟ್ರದ ಚಾಳೀಸಗಾಂವ್ ಬಳಿಯ ಪಾಟಣದಲ್ಲಿ ದೊರೆತ ಶಾಸನ ಅವನ ವಂಶದವರ ನೆಲೆಯನ್ನು ಆ ಕಡೆಗೆ ತೋರಿಸುತ್ತದೆ. ಅವನ ‘ಗೋಲಾಧ್ಯಾಯ’ಕ್ಕೆ ಸೇರಿದ ‘ಜ್ಯೋತ್ಪತ್ತಿ’ ಎಂಬ ಭಾಗದಲ್ಲಿ, ಅಂದರೆ ಜ್ಯಾಗಳನ್ನು ಉತ್ಪಾದಿಸುವ ಪ್ರಕರಣದಲ್ಲಿ, 18 ಮತ್ತು 36 ಡಿಗ್ರಿಗಳ ಸೈನ್‌ಗಳನ್ನು ವರ್ಗಮೂಲಗಳ ಮೂಲಕ ಕೊಟ್ಟು, ಎರಡು ಕೋನಗಳ ಮೊತ್ತದ ಸೈನಿಗೆ ಸಮಾಸಭಾವನೆ, ವ್ಯತ್ಯಾಸದ ಸೈನಿಗೆ ಅಂತರಭಾವನೆ ಎಂಬ ನಿಯಮಗಳನ್ನು ಅವನು ನಿರೂಪಿಸುತ್ತಾನೆ. ಮೊದಲನೆಯ ಕೋನದ ಸೈನನ್ನು ಎರಡನೆಯದರ ಕೊಸೈನಿನಿಂದಲೂ, ಎರಡನೆಯ ಕೋನದ ಸೈನನ್ನು ಮೊದಲನೆಯದರ ಕೊಸೈನಿನಿಂದಲೂ ಗುಣಿಸಿ, ಕೂಡಿ ಅಥವಾ ಕಳೆದು, ತ್ರಿಜ್ಯದಿಂದ ಭಾಗಿಸಬೇಕೆಂಬ ಆ ನಿಯಮ ಇಂದಿನ ಪ್ರಥಮ ಪಿಯುಸಿ ಗಣಿತದ ಸೂತ್ರವೇ. ಹೀಗೆ ಒಂದೆರಡು ಕೋನಗಳ ನಿಷ್ಕೃಷ್ಟ ಬೆಲೆ ಗೊತ್ತಿದ್ದರೆ ಸಾಕು, ಉಳಿದ ಕೋಷ್ಟಕವನ್ನು ನಿತ್ಯಸಮೀಕರಣಗಳಿಂದ ಕಟ್ಟಬಹುದು, ಕಟ್ಟಿದ್ದನ್ನು ಅವುಗಳಿಂದಲೇ ಪರಿಶೀಲಿಸಲೂಬಹುದು.

ನಿಯಮ ಹೊಂದುತ್ತದೆ ಎಂಬಷ್ಟಕ್ಕೆ ತೃಪ್ತರಾಗದೆ, ಅದು ಏಕೆ ಹೊಂದಲೇಬೇಕು ಎಂಬುದನ್ನು ವಿಸ್ತಾರವಾಗಿ ಬರೆದಿಟ್ಟವರು ಕೇರಳದ ಗಣಿತಜ್ಞರು. 14ನೆಯ ಶತಮಾನದ ಕೊನೆಯ ಭಾಗದಲ್ಲಿದ್ದ ಸಂಗಮಗ್ರಾಮದ ಮಾಧವನು ಸೈನ್ ಮತ್ತು ಕೊಸೈನ್‌ಗಳಿಗೆ ಅನಂತ ಶ್ರೇಣಿಗಳನ್ನು ಕಂಡುಕೊಂಡನು. ಎರಡು ಕೋನಗಳ ಮೊತ್ತದ ನಿಯಮ ಅವನ ಪರಂಪರೆಯಲ್ಲಿ ಜೀವೇ ಪರಸ್ಪರ ನ್ಯಾಯ ಎಂದು ಹೆಸರಾಯಿತು. 1501ರ ಸುಮಾರಿಗೆ ನೀಲಕಂಠ ಸೋಮಯಾಜಿ ‘ತಂತ್ರಸಂಗ್ರಹ’ವನ್ನು ಸಂಸ್ಕೃತದಲ್ಲಿ ಬರೆದನು. ಅದೇ ಶತಮಾನದಲ್ಲಿ ಜ್ಯೇಷ್ಠದೇವನು ‘ಯುಕ್ತಿಭಾಷಾ’ ಎಂಬ ಮಲಯಾಳಂ ಗದ್ಯಗ್ರಂಥದಲ್ಲಿ ಈ ಎಲ್ಲ ನಿಯಮಗಳ ಯುಕ್ತಿಗಳನ್ನು, ಅಂದರೆ ಸಾಧನೆಯ ಹೆಜ್ಜೆಗಳನ್ನು, ಸಾಲಾಗಿ ವಿವರಿಸಿದನು. ನಿಯಮವನ್ನು ಪದ್ಯದಲ್ಲಿ ಕಂಠಪಾಠಕ್ಕೆ ಒದಗಿಸುವುದರ ಜೊತೆಗೆ ಅದರ ಕಾರಣವನ್ನು ಜನಭಾಷೆಯ ಗದ್ಯದಲ್ಲಿ ಬಿಡಿಸಿ ಹೇಳಿದ್ದು ಭಾರತೀಯ ಗಣಿತದ ಚರಿತ್ರೆಯಲ್ಲಿ ಬಹಳ ದೊಡ್ಡ ಹೆಜ್ಜೆ.

15ನೆಯ ಶತಮಾನದ ಮೊದಲ ಭಾಗದಲ್ಲಿ ಸಮರ್ಕಂದದ ಉಲುಘ್ ಬೇಗನ ವೀಕ್ಷಣಾಲಯದಲ್ಲಿದ್ದ ಜಮ್ಶೀದ್ ಅಲ್ ಕಾಶಿ ಒಂದು ನಿತ್ಯಸಮೀಕರಣವನ್ನೇ ಲೆಕ್ಕದ ಯಂತ್ರವನ್ನಾಗಿ ಮಾಡಿಕೊಂಡನು. 3 ಡಿಗ್ರಿಯ ಸೈನನ್ನು ಜ್ಯಾಮಿತಿಯಿಂದ ನಿಷ್ಕೃಷ್ಟವಾಗಿ ಪಡೆಯಬಹುದು. 1 ಡಿಗ್ರಿಯದನ್ನು ಹಾಗೆ ಪಡೆಯಲಾಗದು. ಆದರೆ ಸೈನ್ 3ಅ = 3 ಸೈನ್ ಅ − 4 ಸೈನ್³ ಅ ಎಂಬ ಸಂಬಂಧದಲ್ಲಿ ‘ಅ’ವನ್ನು 1 ಡಿಗ್ರಿ ಎಂದಿಟ್ಟರೆ ಎಡಭಾಗ ತಿಳಿದಿರುತ್ತದೆ, ಬಲಭಾಗ ಘನಸಮೀಕರಣವಾಗುತ್ತದೆ; ಅದನ್ನು ಅವನು ಮತ್ತೆ ಮತ್ತೆ ತಿದ್ದುವ ಕ್ರಮದಿಂದ ಬಿಡಿಸಿ 1 ಡಿಗ್ರಿಯ ಸೈನನ್ನು ಅಪೂರ್ವ ನಿಖರತೆಯಿಂದ ಪಡೆದನು. ಈ ಬಗೆಯ ಬಹುಗುಣಕೋನದ ಸಂಬಂಧಗಳ ಬಲ ಯುರೋಪಿನಲ್ಲಿ ಬೆಳಕಿಗೆ ಬಂದದ್ದು 1593ರಲ್ಲಿ, ಆಡ್ರಿಯಾನ್ ವಾನ್ ರೂಮನ್ 45ನೆಯ ಘಾತದ ಸಮೀಕರಣವೊಂದನ್ನು ಗಣಿತಜ್ಞರೆಲ್ಲರಿಗೂ ಸವಾಲಾಗಿ ಒಡ್ಡಿದಾಗ. ಫ್ರಾನ್ಸಿನ ಫ್ರಾನ್ಸ್ವಾ ವಿಯೆತ್ ಅದರಲ್ಲಿ ಒಂದು ಕೋನದ 45 ಪಟ್ಟು ಕೋನದ ಸೈನ್ ಅಡಗಿರುವುದನ್ನು ಗುರುತಿಸಿ, ಅದರ 23 ಧನಮೂಲಗಳನ್ನೂ ಕೊಟ್ಟನು. ಋಣಸಂಖ್ಯೆಗಳನ್ನು ಮೂಲಗಳೆಂದು ಒಪ್ಪುವ ರೂಢಿ ಅವನಲ್ಲಿ ಇರಲಿಲ್ಲ.

ಇಂದು ಕೇವಲ ಅಭ್ಯಾಸದ ಲೆಕ್ಕಗಳಂತೆ ತೋರುವ ಹಲವು ಸೂತ್ರಗಳು ಶ್ರಮ ಉಳಿಸುವ ಸಲುವಾಗಿಯೇ ಬಳಕೆಗೆ ಬಂದವು. 2 ಕೊಸೈನ್ ಅ × ಕೊಸೈನ್ ಬ = ಕೊಸೈನ್ (ಅ − ಬ) + ಕೊಸೈನ್ (ಅ + ಬ) ಎಂಬ ಸೂತ್ರ ಗುಣಾಕಾರವನ್ನು ಸಂಕಲನಕ್ಕೆ ಇಳಿಸುತ್ತದೆ. 16ನೆಯ ಶತಮಾನದ ಕೊನೆಯಲ್ಲಿ ಡೆನ್ಮಾರ್ಕಿನ ಹ್ವೆನ್ ದ್ವೀಪದ ವೀಕ್ಷಣಾಲಯದಲ್ಲಿ ಟೈಕೊ ಬ್ರಾಹೆ ಮತ್ತು ಪಾಲ್ ವಿಟಿಚ್ ಉದ್ದುದ್ದ ಸಂಖ್ಯೆಗಳನ್ನು ಗುಣಿಸಲು ಇಂಥ ಸೂತ್ರಗಳನ್ನೇ ನೆಚ್ಚಿಕೊಂಡಿದ್ದರು. 1614ರಲ್ಲಿ ಜಾನ್ ನೇಪಿಯರ್ ಲಾಗರಿದಮ್ ಕೋಷ್ಟಕವನ್ನು ಪ್ರಕಟಿಸಿದ ಮೇಲೆ ಅಗತ್ಯ ತಿರುವುಮುರುವಾಯಿತು. ಲಾಗರಿದಮ್ಮಿಗೆ ಗುಣಾಕಾರ ಸುಲಭ, ಸಂಕಲನ ತೊಡಕು, ಆದ್ದರಿಂದ ಮೊತ್ತಗಳನ್ನು ಗುಣಲಬ್ಧಗಳಾಗಿ ಬದಲಿಸುವ ಸೂತ್ರಗಳಿಗೆ ಬೆಲೆ ಬಂತು. ಅಂದಿನಿಂದ ಮೂರೂವರೆ ಶತಮಾನಗಳ ಕಾಲ ಕೋಷ್ಟಕ ಪುಸ್ತಕವೇ ಲೆಕ್ಕದ ಯಂತ್ರವಾಗಿ ಉಳಿಯಿತು. ಕರ್ನಾಟಕದ ಕಾಲೇಜು ಮತ್ತು ಪಾಲಿಟೆಕ್ನಿಕ್‌ಗಳ ವಿದ್ಯಾರ್ಥಿಗಳು ಕ್ಲಾರ್ಕ್ಸ್ ಟೇಬಲ್ ಎಂದು ಕರೆಯುತ್ತಿದ್ದ ಪುಸ್ತಕ ಈ ಸಾಲಿನದೇ.

ಕೋಷ್ಟಕವನ್ನು ನಂಬಬೇಕಾದರೆ ಅದರಲ್ಲಿ ತಪ್ಪಿಲ್ಲವೆಂದು ಗೊತ್ತಾಗಬೇಕು. ಇದು ಪರಿಶೀಲನೆಯ ಚರಿತ್ರೆಯ ಮತ್ತೊಂದು ಎಳೆ. ಫ್ರಾನ್ಸಿನ ಕ್ರಾಂತಿಯ ನಂತರ 1790ರ ದಶಕದಲ್ಲಿ ಗಾಸ್ಪಾರ್ ದ ಪ್ರೊನಿ ಹೊಸ ದಶಮಾಂಶ ಪದ್ಧತಿಗೆ ತಕ್ಕ ಬೃಹತ್ ಕೋಷ್ಟಕಗಳನ್ನು ಸಿದ್ಧಪಡಿಸಿದಾಗ, ಸೂತ್ರಗಳನ್ನು ಆಯುವವರು, ಮೊದಲ ಬೆಲೆಗಳನ್ನು ಕೊಡುವವರು, ಕೂಡುವ ಕಳೆಯುವ ಕೆಲಸವನ್ನಷ್ಟೇ ಮಾಡುವವರು ಎಂದು ಜನರನ್ನು ಮೂರು ಗುಂಪುಗಳಾಗಿ ವಿಂಗಡಿಸಿ, ಲೆಕ್ಕವನ್ನೆಲ್ಲ ಎರಡು ಸಲ ಬೇರೆ ಬೇರೆಯಾಗಿ ಮಾಡಿಸಿ ತಾಳೆ ನೋಡಿಸಿದನು. ಈ ಏರ್ಪಾಡು ಚಾರ್ಲ್ಸ್ ಬ್ಯಾಬೇಜನ ವ್ಯತ್ಯಾಸ ಯಂತ್ರದ ಕಲ್ಪನೆಗೆ ಪ್ರೇರಣೆಯಾಯಿತು. ಮನುಷ್ಯರು ಮಾಡುವ ತಪ್ಪನ್ನು ತಡೆಯಲು ಯಂತ್ರ ಬೇಕೆಂಬ ಆಸೆ ಹುಟ್ಟಿದ್ದೇ ತ್ರಿಕೋನಮಿತಿಯ ಮತ್ತು ಲಾಗರಿದಮ್ಮಿನ ಕೋಷ್ಟಕಗಳ ನಡುವೆ ಎಂದರೆ ಅತಿಶಯೋಕ್ತಿಯಾಗದು.

ಆ ಆಸೆ ಅಂಗೈಯಲ್ಲಿ ಹಿಡಿಯುವ ರೂಪಕ್ಕೆ ಬಂದದ್ದು 20ನೆಯ ಶತಮಾನದ ಉತ್ತರಾರ್ಧದಲ್ಲಿ. ಅಮೆರಿಕದ ಕಾನ್‌ವೇರ್ ಕಂಪನಿಯಲ್ಲಿ ವಿಮಾನದ ದಿಕ್ಸೂಚನೆಯ ಕಂಪ್ಯೂಟರಿಗಾಗಿ ದುಡಿಯುತ್ತಿದ್ದ ಜ್ಯಾಕ್ ವೋಲ್ಡರ್ 1959ರಲ್ಲಿ ಪ್ರಕಟಿಸಿದ ಕಾರ್ಡಿಕ್ ಎಂಬ ವಿಧಾನ ಇಲ್ಲಿ ಮುಖ್ಯ. ಬೇಕಾದ ಕೋನವನ್ನು ಮೊದಲೇ ಗೊತ್ತಿರುವ ಸಣ್ಣ ಸಣ್ಣ ಕೋನಗಳ ಮೊತ್ತವಾಗಿ ಒಡೆದು, ಒಂದು ಬಿಂದುವನ್ನು ಅಷ್ಟಷ್ಟೇ ತಿರುಗಿಸುತ್ತ ಹೋಗುವುದು ಅದರ ತತ್ತ್ವ. ಆ ಸಣ್ಣ ಕೋನಗಳನ್ನು ಅವುಗಳ ಟ್ಯಾನ್ಜೆಂಟ್ 1, 1/2, 1/4, 1/8 ಎಂದಾಗುವಂತೆ ಆರಿಸಿಕೊಂಡರೆ, ಸಂಕಲನ ಮತ್ತು ಸ್ಥಾನಪಲ್ಲಟಗಳಿಂದಲೇ ಕೆಲಸ ಮುಗಿಯುತ್ತದೆ, ಗುಣಾಕಾರದ ಮಂಡಲ ಬೇಕಾಗುವುದಿಲ್ಲ. ಬಿಂದುವನ್ನು ತಿರುಗಿಸುವ ಪ್ರತಿ ಹೆಜ್ಜೆಯೂ ಎರಡು ಕೋನಗಳ ಮೊತ್ತದ ಸೂತ್ರವನ್ನು ಬಳಸುವುದೇ ಆಗಿದೆ. 1972ರಲ್ಲಿ 395 ಡಾಲರಿಗೆ ಮಾರುಕಟ್ಟೆಗೆ ಬಂದ ಎಚ್‌ಪಿ-35, ಸೈನ್ ಕೊಸೈನ್‌ಗಳ ಗುಂಡಿಗಳಿದ್ದ ಮೊದಲ ಜೇಬಿನ ಕ್ಯಾಲ್ಕುಲೇಟರ್, ಇದೇ ಬಗೆಯ ವಿಧಾನವನ್ನು ದಶಮಾಂಶಕ್ಕೆ ಹೊಂದಿಸಿಕೊಂಡಿತ್ತು. ಸಮಾಸಭಾವನೆಯನ್ನು ಯಂತ್ರದ ಮೇಲೆ ಪರೀಕ್ಷಿಸುವ ವಿದ್ಯಾರ್ಥಿ ತಿಳಿಯದೆಯೇ ಸಮಾಸಭಾವನೆಯಿಂದ ನಡೆಯುವ ಯಂತ್ರವನ್ನೇ ಪ್ರಶ್ನಿಸುತ್ತಿರುತ್ತಾನೆ. ಯಂತ್ರ ಕೊಡುವ ಸಾಕ್ಷ್ಯ ನಿತ್ಯಸಮೀಕರಣದ ಆಚೆಯಿಂದ ಬಂದದ್ದಲ್ಲ.

1985ರಲ್ಲಿ ಜಪಾನಿನ ಕ್ಯಾಸಿಯೊ ಕಂಪನಿ ಹೊರತಂದ ಎಫ್‌ಎಕ್ಸ್-7000ಜಿ ಸಂಖ್ಯೆಯ ಜೊತೆಗೆ ನಕ್ಷೆಯನ್ನೂ ತೋರಿಸಿದ ಮೊದಲ ಕ್ಯಾಲ್ಕುಲೇಟರ್. ಅದರ ಪರದೆಯಲ್ಲಿ ಅಡ್ಡಕ್ಕೆ 96, ಉದ್ದಕ್ಕೆ 64 ಚುಕ್ಕಿಗಳಿದ್ದವು. ಪ್ರೋಗ್ರಾಮಿಗೆಂದು ಇದ್ದ ಸ್ಮೃತಿ 422 ಬೈಟ್ ಮಾತ್ರ. 1990ರಲ್ಲಿ ಟೆಕ್ಸಸ್ ಇನ್‌ಸ್ಟ್ರುಮೆಂಟ್ಸ್ ಕಂಪನಿಯ ಟಿಐ-81, 1993ರಲ್ಲಿ ಟಿಐ-82, 1996ರಲ್ಲಿ ಟಿಐ-83 ಬಂದು ಅಮೆರಿಕದ ಪ್ರೌಢಶಾಲೆಗಳಲ್ಲಿ ನೆಲೆಯೂರಿದವು. ಓಹಾಯೊ ರಾಜ್ಯ ವಿಶ್ವವಿದ್ಯಾಲಯದ ಫ್ರ್ಯಾಂಕ್ಲಿನ್ ಡಿಮಾನಾ ಮತ್ತು ಬರ್ಟ್ ವೇಟ್ಸ್ ನಕ್ಷೆಯ ಮೂಲಕ ಗಣಿತ ಕಲಿಸುವ ಕ್ರಮವನ್ನು ಶಿಕ್ಷಕರಲ್ಲಿ ಹರಡಿದರು. ಅಮೆರಿಕದ ಗಣಿತ ಶಿಕ್ಷಕರ ರಾಷ್ಟ್ರೀಯ ಮಂಡಳಿ 1989ರಲ್ಲಿ ಪ್ರಕಟಿಸಿದ ಪಠ್ಯಕ್ರಮದ ಮಾನದಂಡಗಳು, ಪ್ರೌಢ ತರಗತಿಯ ಎಲ್ಲ ವಿದ್ಯಾರ್ಥಿಗಳಿಗೂ ನಕ್ಷೆ ಬರೆಯುವ ಕ್ಯಾಲ್ಕುಲೇಟರ್ ಸದಾ ದೊರೆಯುವಂತಿರಬೇಕೆಂದು ಹೇಳಿದ್ದಲ್ಲದೆ, ತೊಡಕಿನ ನಿತ್ಯಸಮೀಕರಣಗಳನ್ನು ಸಾಧಿಸುವ ಅಭ್ಯಾಸಕ್ಕೆ ಕೊಡುವ ಗಮನವನ್ನು ಕಡಿಮೆ ಮಾಡಬೇಕೆಂದೂ ಸೂಚಿಸಿದವು. 1995ರಿಂದ ಅಲ್ಲಿಯ ಅಡ್ವಾನ್ಸ್‌ಡ್ ಪ್ಲೇಸ್‌ಮೆಂಟ್ ಕಲನಶಾಸ್ತ್ರ ಪರೀಕ್ಷೆಗೆ ಈ ಯಂತ್ರ ಕಡ್ಡಾಯವಾಯಿತು.

ಪರೀಕ್ಷಿಸುವ ಕ್ರಮ ಸರಳವಾಗಿತ್ತು. ಸಮೀಕರಣದ ಎಡಭಾಗವನ್ನು ಒಂದು ಉತ್ಪನ್ನವಾಗಿಯೂ ಬಲಭಾಗವನ್ನು ಇನ್ನೊಂದಾಗಿಯೂ ಯಂತ್ರಕ್ಕೆ ಕೊಟ್ಟು, ಕೋನ ಡಿಗ್ರಿಯಲ್ಲಿದೆಯೇ ರೇಡಿಯನ್ನಿನಲ್ಲಿದೆಯೇ ಎಂಬುದನ್ನು ಮೊದಲು ಖಚಿತಪಡಿಸಿಕೊಂಡು, ಎರಡೂ ನಕ್ಷೆಗಳನ್ನು ಒಂದರ ಮೇಲೊಂದು ಬರೆಸುವುದು. ರೇಡಿಯನ್ ಎಂದರೆ ತ್ರಿಜ್ಯದಷ್ಟೇ ಉದ್ದದ ಕಂಸ ಕೇಂದ್ರದಲ್ಲಿ ಮಾಡುವ ಕೋನ. ಮೊದಲ ನಕ್ಷೆಯ ಮೇಲೆ ಎರಡನೆಯದು ಕಾಣದೆ ಹೋಗಬಹುದಾದ್ದರಿಂದ, ಟಿಐ-83ರಲ್ಲಿ ಎರಡನೆಯ ನಕ್ಷೆಯ ತುದಿಯಲ್ಲಿ ಒಂದು ಪುಟ್ಟ ವೃತ್ತ ಸಾಗುವಂತೆ ಮಾಡುವ ಏರ್ಪಾಡಿತ್ತು. ಎಡಭಾಗದಿಂದ ಬಲಭಾಗವನ್ನು ಕಳೆದು ಉಳಿಯುವುದರ ನಕ್ಷೆ ಅಡ್ಡ ಅಕ್ಷದ ಮೇಲೆಯೇ ಮಲಗುತ್ತದೆಯೇ ಎಂದು ನೋಡುವುದು, ಇಲ್ಲವೇ ಎರಡರ ಬೆಲೆಗಳನ್ನು ಕೋಷ್ಟಕವಾಗಿ ಪಕ್ಕಪಕ್ಕದಲ್ಲಿ ಇರಿಸಿ ನೋಡುವುದು ಉಳಿದ ಎರಡು ಉಪಾಯಗಳು. ವಿದ್ಯಾರ್ಥಿಗಳು ಮೇಲಿಂದ ಮೇಲೆ ಮಾಡುವ ತಪ್ಪುಗಳನ್ನು ಈ ಪರೀಕ್ಷೆ ಕೂಡಲೇ ಬಯಲಿಗೆಳೆಯುತ್ತದೆ. ಸೈನ್ 2ಅ = 2 ಸೈನ್ ಅ ಎಂದು ಬರೆದವನ ಮುಂದೆ ಎರಡು ಬೇರೆ ಬೇರೆ ಅಲೆಗಳು ನಿಲ್ಲುತ್ತವೆ. (1 − ಸೈನ್² ಅ)ದ ವರ್ಗಮೂಲ ಕೊಸೈನ್ ಅ ಎಂದು ತಿಳಿದವನಿಗೆ, 90ರಿಂದ 270 ಡಿಗ್ರಿಯವರೆಗೆ ಒಂದು ನಕ್ಷೆ ಅಕ್ಷದ ಮೇಲೂ ಇನ್ನೊಂದು ಕೆಳಗೂ ಹೋಗುವುದು ಕಂಡು, ವರ್ಗಮೂಲ ಎಂದಿಗೂ ಋಣವಾಗದೆಂಬ ಮರೆತ ಮಾತು ನೆನಪಾಗುತ್ತದೆ. ಸುಳ್ಳನ್ನು ಸುಳ್ಳೆಂದು ತೋರಿಸುವುದರಲ್ಲಿ ನಕ್ಷೆಗಿಂತ ವೇಗದ ಗುರು ಹಿಂದೆ ಇರಲಿಲ್ಲ, ಮತ್ತು ಇದು ಸಣ್ಣ ಉಪಕಾರವಲ್ಲ.

ಆದರೆ ನಕ್ಷೆ ಹೌದು ಎಂದಾಗ ಆ ಮಾತಿನ ತೂಕವೆಷ್ಟು ಎಂಬುದನ್ನು ಯಂತ್ರದ ರಚನೆಯಿಂದಲೇ ಅಳೆಯಬಹುದು. ಟಿಐ-83ರ ನಕ್ಷೆಯ ಪರದೆಯಲ್ಲಿ ಅಡ್ಡಕ್ಕೆ 95 ಚುಕ್ಕಿಗಳು, ನಡುವೆ 94 ಅಂತರಗಳು. ತ್ರಿಕೋನಮಿತಿಗೆಂದೇ ಅದರಲ್ಲಿ ಸಿದ್ಧಪಡಿಸಿಟ್ಟ ಚೌಕಟ್ಟು −352.5 ಡಿಗ್ರಿಯಿಂದ 352.5 ಡಿಗ್ರಿಯವರೆಗೆ ಹರಡಿರುವುದರಿಂದ, ಒಂದು ಚುಕ್ಕಿಯಿಂದ ಇನ್ನೊಂದಕ್ಕೆ ಇರುವ ಹೆಜ್ಜೆ 7 ಡಿಗ್ರಿ 30 ಕಲೆ. ಆರ್ಯಭಟನ ಕೋಷ್ಟಕದ ಹೆಜ್ಜೆ 3 ಡಿಗ್ರಿ 45 ಕಲೆ. ಎಂದರೆ, ಒಂದೊಂದು ಬೆಲೆಯನ್ನೂ 14 ಅಂಕಿಗಳ ಸೂಕ್ಷ್ಮತೆಯಲ್ಲಿ ಲೆಕ್ಕಹಾಕುವ ಆ ಯಂತ್ರ, ತಾಳೆ ನೋಡುವ ಕೋನಗಳ ಸಾಂದ್ರತೆಯಲ್ಲಿ ಆರ್ಯಭಟೀಯದ ಪದ್ಯಕ್ಕಿಂತ ಎರಡರಷ್ಟು ವಿರಳ. ಚುಕ್ಕಿಗಳ ನಡುವೆ ಏನಾಗುತ್ತಿದೆಯೆಂಬುದನ್ನು ಅದು ನೋಡುವುದೇ ಇಲ್ಲ, ಎರಡು ಚುಕ್ಕಿಗಳನ್ನು ಗೆರೆಯಿಂದ ಜೋಡಿಸಿಬಿಡುತ್ತದೆ. ಈ ಚೌಕಟ್ಟಿನಲ್ಲಿ ಸೈನ್ 49ಅ ಎಂಬುದರ ನಕ್ಷೆ ಸೈನ್ ಅ ನಕ್ಷೆಯ ಮೇಲೆ ಚುಕ್ಕಿ ತಪ್ಪದೆ ಕೂರುತ್ತದೆ. ಏಕೆಂದರೆ ಏಳೂವರೆ ಡಿಗ್ರಿಯ ಪ್ರತಿಯೊಂದು ಗುಣಕದಲ್ಲಿಯೂ ಉಳಿದ 48 ಪಟ್ಟು ಕೋನ ಪೂರ್ಣ ಸುತ್ತುಗಳಾಗಿ ಕಳೆದುಹೋಗುತ್ತದೆ. 95 ಕೋನಗಳಲ್ಲಿ ಹೊಂದಿದ ಈ ಸಮೀಕರಣ ಶುದ್ಧ ಸುಳ್ಳು.

ಎತ್ತರದ ದಿಕ್ಕಿನಲ್ಲಿಯೂ ಇದೇ ತೊಡಕು ಇದೆ. ಅದೇ ಚೌಕಟ್ಟಿನಲ್ಲಿ −4ರಿಂದ 4ರವರೆಗಿನ ಎತ್ತರ 62 ಅಂತರಗಳಾಗಿ ಹಂಚಿರುವುದರಿಂದ ಒಂದು ಚುಕ್ಕಿಯ ಎತ್ತರ ಸುಮಾರು 0.13. ಒಂದನೆಯ ಭಾಸ್ಕರನ ಸೂತ್ರದ ದೋಷ 0.0016, ಅದು ಒಂದು ಚುಕ್ಕಿಯ 80ನೆಯ ಒಂದು ಭಾಗ. ಸೊನ್ನೆಯಿಂದ 180 ಡಿಗ್ರಿಯವರೆಗೆ ಆ ಸೂತ್ರವನ್ನೂ ಸೈನನ್ನೂ ಬರೆಸಿದರೆ ಎರಡನ್ನು ಕಣ್ಣು ಬೇರ್ಪಡಿಸಲಾರದು. ಆದರೆ ಚೌಕಟ್ಟನ್ನು 180ರ ಆಚೆಗೆ ಹಿಗ್ಗಿಸಿದರೆ, 270 ಡಿಗ್ರಿಯಲ್ಲಿ ಸೈನ್ −1 ಇರುವಾಗ ಸೂತ್ರ −1.5ಕ್ಕೆ ಇಳಿದು ತನ್ನ ನಿಜವನ್ನು ತಾನೇ ಹೇಳಿಕೊಳ್ಳುತ್ತದೆ. ಟ್ಯಾನ್ಜೆಂಟ್ ಅ × ಕೊಸೈನ್ ಅ = ಸೈನ್ ಅ ಎಂಬುದನ್ನು ಬರೆಸಿದಾಗ, 90 ಡಿಗ್ರಿಯಲ್ಲಿ ಎಡಭಾಗಕ್ಕೆ ಬೆಲೆಯೇ ಇಲ್ಲವೆಂಬ ಸಂಗತಿ ಒಂದು ಚುಕ್ಕಿಯ ಕೊರತೆಯಾಗಿ ಮಾತ್ರ ಉಳಿದು ಕಣ್ಣಿಗೆ ಬೀಳದೆ ಹೋಗಬಹುದು. ಪರೀಕ್ಷೆಯ ಫಲ ಪರೀಕ್ಷಿಸುವವನು ಆರಿಸಿಕೊಂಡ ಚೌಕಟ್ಟನ್ನು ಅವಲಂಬಿಸಿದೆ. ಚೌಕಟ್ಟನ್ನು ಆರಿಸುವ ವಿವೇಕ ಯಂತ್ರದ್ದಲ್ಲ.

ಹಾಗಾದರೆ ತಾಳೆ ನೋಡುವುದು ಎಂದಿಗೂ ಸಾಧನೆಯಾಗಲಾರದೆ? ಗಣಿತ ಇದಕ್ಕೆ ಎರಡು ಖಚಿತ ಉತ್ತರಗಳನ್ನು ಕೊಟ್ಟಿದೆ. ಸೈನ್, ಘಾತೀಯ ಉತ್ಪನ್ನ, ನಿರಪೇಕ್ಷ ಬೆಲೆ ಮೊದಲಾದವುಗಳನ್ನು ಸ್ವೇಚ್ಛೆಯಾಗಿ ಬೆರೆಸಿ ಬರೆದ ಉಕ್ತಿಗಳಲ್ಲಿ, ಒಂದು ಉಕ್ತಿ ಎಲ್ಲೆಲ್ಲಿಯೂ ಸೊನ್ನೆಯೇ ಎಂಬುದನ್ನು ಪ್ರತಿ ಸಲವೂ ನಿರ್ಣಯಿಸಬಲ್ಲ ಯಾವ ಯಾಂತ್ರಿಕ ವಿಧಾನವೂ ಇರಲಾರದೆಂದು 1968ರಲ್ಲಿ ಡೇನಿಯಲ್ ರಿಚರ್ಡ್‌ಸನ್ ಸಾಧಿಸಿದನು. ಆದರೆ ಶಾಲೆಯ ಪುಸ್ತಕದ ಬಹುತೇಕ ನಿತ್ಯಸಮೀಕರಣಗಳಂತೆ ಸೈನ್ ಅ ಮತ್ತು ಕೊಸೈನ್ ಅಗಳ ಘಾತಗಳಿಂದಷ್ಟೇ ಕಟ್ಟಿದ ಉಕ್ತಿಗಳಿಗೆ ಈ ಕಷ್ಟವಿಲ್ಲ. ಅಂಥ ಉಕ್ತಿಯ ಘಾತ ‘ನ’ ಎಂದಿದ್ದರೆ, ಎಲ್ಲೆಡೆಯೂ ಸೊನ್ನೆಯಲ್ಲದ ಹೊರತು ಅದು ಒಂದು ಸುತ್ತಿನಲ್ಲಿ 2ನ ಸಲಕ್ಕಿಂತ ಹೆಚ್ಚು ಸೊನ್ನೆಯಾಗಲಾರದು. ಏಕೆಂದರೆ ಅರ್ಧಕೋನದ ಟ್ಯಾನ್ಜೆಂಟನ್ನು ಬಳಸಿ ಅದನ್ನು 2ನ ಘಾತದ ಬಹುಪದೋಕ್ತಿಯಾಗಿ ಬದಲಿಸಬಹುದು, ಬಹುಪದೋಕ್ತಿಗೆ ಅದರ ಘಾತಕ್ಕಿಂತ ಹೆಚ್ಚು ಮೂಲಗಳಿರುವುದಿಲ್ಲ. ಆದ್ದರಿಂದ ಒಂದು ಸುತ್ತಿನ 2ನ + 1 ಕೋನಗಳಲ್ಲಿ ಎಡಭಾಗ ಬಲಭಾಗಗಳು ನಿಷ್ಕೃಷ್ಟವಾಗಿ ಹೊಂದಿದರೆ, ಆ ತಾಳೆಯೇ ಸಾಧನೆ.

ಅಲ್ ಕಾಶಿ ಬಳಸಿದ ಸೈನ್ 3ಅ = 3 ಸೈನ್ ಅ − 4 ಸೈನ್³ ಅ ಎಂಬುದರ ಘಾತ 3; ಬೇಕಾದ ಕೋನಗಳು ಏಳು. ಸೊನ್ನೆ ಮತ್ತು 180 ಡಿಗ್ರಿಗಳಲ್ಲಿ ಎರಡೂ ಭಾಗಗಳು ಸೊನ್ನೆ. 30 ಮತ್ತು 150 ಡಿಗ್ರಿಗಳಲ್ಲಿ ಸೈನ್ 1/2 ಆದ್ದರಿಂದ ಬಲಭಾಗ 3/2 − 1/2 = 1; ಎಡಭಾಗದ ಸೈನ್ 90 ಮತ್ತು ಸೈನ್ 450ಗಳೂ 1. 90 ಡಿಗ್ರಿಯಲ್ಲಿ ಬಲಭಾಗ 3 − 4 = −1, ಸೈನ್ 270 ಕೂಡ −1. 210 ಡಿಗ್ರಿಯಲ್ಲಿ ಬಲಭಾಗ −3/2 + 1/2 = −1, ಸೈನ್ 630 ಕೂಡ −1. 270 ಡಿಗ್ರಿಯಲ್ಲಿ ಬಲಭಾಗ −3 + 4 = 1, ಸೈನ್ 810 ಕೂಡ 1. ಏಳೂ ಹೊಂದಿದವು, ನಿತ್ಯಸಮೀಕರಣ ಸಾಧಿತವಾಯಿತು. ಹಿಂದೆ 95 ಕೋನಗಳು ಸಾಲದೆ ಹೋದದ್ದು ಏಕೆಂಬುದೂ ಈಗ ಸ್ಪಷ್ಟ: ಅಲ್ಲಿಯ ಘಾತ 49, ಬೇಕಾದದ್ದು ಒಂದೇ ಸುತ್ತಿನ 99 ಬೇರೆ ಬೇರೆ ಕೋನಗಳು, ಪರದೆಯ 95 ಕೋನಗಳು ಸುಮಾರು ಎರಡು ಸುತ್ತುಗಳಲ್ಲಿ ಹರಡಿದ್ದರಿಂದ ಒಂದು ಸುತ್ತಿಗೆ ಸಿಕ್ಕ ಬೇರೆ ಬೇರೆ ಕೋನಗಳು 48 ಮಾತ್ರ. ಪರೀಕ್ಷೆಗೂ ಸಾಧನೆಗೂ ನಡುವಿನ ವ್ಯತ್ಯಾಸ ನೋಡಿದ ಕೋನಗಳು ಬಹಳವೆಂಬುದರಲ್ಲಿ ಇಲ್ಲ, ಎಷ್ಟು ನೋಡಿದರೆ ಸಾಕೆಂಬ ಅರಿವಿನಲ್ಲಿದೆ.

1995ರಲ್ಲಿ ಬಂದ ಟಿಐ-92 ಅಕ್ಷರಗಳನ್ನೇ ಬೀಜಗಣಿತದ ನಿಯಮಗಳಂತೆ ನಡೆಸಬಲ್ಲ ಯಂತ್ರವಾಗಿದ್ದು, ಅಂಥ ಯಂತ್ರಗಳನ್ನು ಅಮೆರಿಕದ ಎಸಿಟಿ ಪ್ರವೇಶ ಪರೀಕ್ಷೆ ನಿಷೇಧಿಸಿದೆ. 2000ದ ನಂತರ ಜಿಯೊಜೀಬ್ರಾ, 2011ರಿಂದ ಡೆಸ್ಮಾಸ್ ನಕ್ಷೆ ಬರೆಯುವ ಶಕ್ತಿಯನ್ನು ಬೆಲೆಯಿಲ್ಲದೆ ಕಂಪ್ಯೂಟರಿಗೂ ಮೊಬೈಲಿಗೂ ತಂದವು. ಭಾರತದ ಶಾಲೆಗಳಲ್ಲಿ ಗ್ರಾಫಿಂಗ್ ಕ್ಯಾಲ್ಕುಲೇಟರ್ ಎಂದೂ ಮನೆಮಾತಾಗಲಿಲ್ಲ. ಕರ್ನಾಟಕದ ಸಿಇಟಿಯಲ್ಲಾಗಲಿ ಜೆಇಇಯಲ್ಲಾಗಲಿ ಯಾವ ಕ್ಯಾಲ್ಕುಲೇಟರಿಗೂ ಅವಕಾಶವಿಲ್ಲ. ಹತ್ತನೆಯ ತರಗತಿಯಿಂದ ಪಿಯುಸಿಯವರೆಗೆ ‘ಸಾಧಿಸಿ’ ಎಂಬ ಪ್ರಶ್ನೆಗೆ ಕಾಗದದ ಮೇಲಿನ ಹೆಜ್ಜೆಗಳೇ ಉತ್ತರ. ಅಮೆರಿಕದ ಶಾಲೆಗಳು ನಕ್ಷೆಗೆ ಹೆಚ್ಚು ಒತ್ತುಕೊಟ್ಟು ಸಾಧನೆಯನ್ನು ಹಿಂದೆ ಸರಿಸಿದರೆ, ಇಲ್ಲಿಯ ಶಾಲೆಗಳು ಸಾಧನೆಯನ್ನು ಉಳಿಸಿಕೊಂಡು ತಾಳೆ ನೋಡುವ ಅಭ್ಯಾಸವನ್ನು ಬಿಟ್ಟುಕೊಟ್ಟಿವೆ. ಎರಡೂ ಅರ್ಧ ಕಲಿಕೆಗಳೇ. ಆರ್ಯಭಟನ ಸಂಖ್ಯೆಗಳೂ ಜ್ಯೇಷ್ಠದೇವನ ಯುಕ್ತಿಗಳೂ ಒಂದೇ ಪರಂಪರೆಯವು ಎಂಬುದನ್ನು ನೆನೆದು, ಕನ್ನಡ ನಾಡಿನ ಗಣಿತ ಶಿಕ್ಷಕರು ಪ್ರತಿಯೊಂದು ನಿತ್ಯಸಮೀಕರಣವನ್ನೂ ಮೊದಲು ಮೊಬೈಲಿನ ನಕ್ಷೆಯ ಮೇಲೆ ಪರೀಕ್ಷಿಸಲು ಹೇಳಬೇಕು, ಆ ನಕ್ಷೆ ಎಲ್ಲಿ ಮೋಸಮಾಡಬಹುದೆಂದು ಕೇಳಬೇಕು, ಅನಂತರವೇ ಸಾಧನೆಗೆ ಕೈಹಾಕಿಸಬೇಕು. ಅದಕ್ಕೆ ಹೊಸ ಪಠ್ಯಕ್ರಮ ಬೇಕಿಲ್ಲ, ದುಬಾರಿ ಯಂತ್ರವೂ ಬೇಕಿಲ್ಲ. ಒಂದು ತರಗತಿಯ ಅವಧಿ ಸಾಕು.